ಗರ್ಟಿ ಅತ್ತಳು, ಜನ ನಕ್ಕರು

ಕೇಳುಗರಿಗೆ ನಮಸ್ಕಾರ. ಕಾರ್ಟೂನ್ ಅಂದ ಕೂಡಲೇ ಎಲ್ಲರೂ ಮಿಕ್ಕಿ ಮೌಸ್ ಅನ್ನುತ್ತಾರೆ. ಅವನು ತೆರೆಗೆ ಬಂದದ್ದು 1928ರಲ್ಲಿ, ಸ್ವಾಮಿ! ಅದಕ್ಕೂ 14 ವರ್ಷ ಮೊದಲೇ ಅಮೆರಿಕದಲ್ಲಿ ಒಂದು ಡೈನೋಸಾರ್ ಜನರನ್ನು ನಗಿಸಿತ್ತು. ಅವಳ ಹೆಸರು ಗರ್ಟಿ. ಬರೆದವರು ಪತ್ರಿಕೆಗಳ ಚಿತ್ರಕಾರ ವಿನ್ಸರ್ ಮೆಕ್ಕೇ.

ನಾನು ಹೇಳಬೇಕಾದ್ದು ಒಂದೇ ಮಾತು. ಗೆರೆ ಓಡಾಡಿದರೆ ಜನ ಬೆರಗಾಗುತ್ತಾರೆ, ಅಷ್ಟೇ. ನಗಬೇಕಾದರೆ ಆ ಗೆರೆಗೊಂದು ಸ್ವಭಾವ ಇರಬೇಕು.

1914ರ ಫೆಬ್ರವರಿ. ಚಿಕಾಗೋದ ಪ್ಯಾಲೇಸ್ ಥಿಯೇಟರ್. ವೇದಿಕೆಯ ಮೇಲೆ ಮೆಕ್ಕೇ, ಕೈಯಲ್ಲಿ ಚಾಟಿ, ಪಕ್ಕದಲ್ಲಿ ಪರದೆ. ಅವರು ಕರೆದರೆ ಗರ್ಟಿ ಗುಹೆಯಿಂದ ಸುಮ್ನೆ ತಲೆ ಮಾತ್ರ ಹೊರಹಾಕುತ್ತಾಳೆ. ನಾಚಿಕೆ! ಆಮೇಲೆ ಬಂದು ಒಂದು ಮರವನ್ನೇ ತಿಂದು ಮುಗಿಸುತ್ತಾಳೆ. ಕಾಲೆತ್ತು ಅಂದರೆ ಎತ್ತುತ್ತಾಳೆ, ಮನಸ್ಸಿದ್ದರೆ. ಗದರಿದರೆ ಗೊಳೋ ಅಂತ ಅಳುತ್ತಾಳೆ. ಮೆಕ್ಕೇ ಸಮಾಧಾನಕ್ಕೆ ಸೇಬು ಎಸೆದಂತೆ ಮಾಡಿ ಅಂಗೈಯಲ್ಲೇ ಅಡಗಿಸುತ್ತಾರೆ; ಅದೇ ಹೊತ್ತಿಗೆ ಪರದೆಯಲ್ಲಿ ಗರ್ಟಿ ಗಬಕ್ಕನೆ ಹಣ್ಣು ಹಿಡಿಯುತ್ತಾಳೆ. ಆನೆಯಂಥ ಜಂಬೋ ಬಂದರೆ ಬಾಲ ಹಿಡಿದು ಕೆರೆಗೆ ಎಸೆಯುತ್ತಾಳೆ. ಕೊನೆಗೆ ಮೆಕ್ಕೇ ಪರದೆಯ ಹಿಂದೆ ಸರಿಯುತ್ತಾರೆ. ಚಿತ್ರದೊಳಗಿನ ಮೆಕ್ಕೇ ಗರ್ಟಿಯ ಬೆನ್ನೇರಿ ಹೊರಟೇಬಿಡುತ್ತಾನೆ!

ಇದಕ್ಕೆ ಸಾವಿರಾರು ಹಾಳೆ ಬರೆದರು. ಪ್ರತಿ ಹಾಳೆಯಲ್ಲೂ ಬಂಡೆ, ಕೆರೆ ಮತ್ತೆ ಮತ್ತೆ ಬರೆಯಬೇಕಿತ್ತು. ಆ ಕೆಲಸ ಸಹಾಯಕ ಜಾನ್ ಫಿಟ್ಜ್‌ಸಿಮನ್ಸ್ ಪಾಲಿಗೆ ಬಂತು, ಪಾಪ. ಗರ್ಟಿ ಉಸಿರಾಡುವುದನ್ನು ಬರೆಯಲು ಮೆಕ್ಕೇ ಗಡಿಯಾರ ಇಟ್ಟುಕೊಂಡು ತಮ್ಮ ಉಸಿರನ್ನೇ ಅಳೆದರು. ಸ್ವಭಾವ ಹುಟ್ಟುವುದು ಹಾಗೆ.

ಅಯ್ಯೋ, ಹೊತ್ತಾಯಿತು. ಫೀಲಿಕ್ಸ್ ಎಂಬ ಕಾರ್ಟೂನ್ ಬೆಕ್ಕಿನ ಬಗ್ಗೆ ಜಾಸ್ತಿ ಹೇಳಬೇಕಿತ್ತು. ಪ್ಯಾಟ್ ಸಲಿವನ್ ಸ್ಟುಡಿಯೋದಲ್ಲಿ 1919ರಲ್ಲಿ ಆಟೋ ಮೆಸ್ಮರ್ ಬರೆದದ್ದು. ಕಷ್ಟ ಬಂದರೆ ಕೈ ಹಿಂದೆ ಕಟ್ಟಿ, ತಲೆ ತಗ್ಗಿಸಿ ಶತಪಥ ಹಾಕುತ್ತಾನೆ. ಬೇಕಾದರೆ ಬಾಲವನ್ನೇ ಕಿತ್ತು ಕೋಲು ಮಾಡಿಕೊಳ್ಳುತ್ತಾನೆ. ನೋಡಿ, ಮತ್ತೆ ಸ್ವಭಾವ! ಇನ್ನೊಬ್ಬ ಕಾರ್ಟೂನ್‌ಕಾರ ಮ್ಯಾಕ್ಸ್ ಫ್ಲೈಷರ್ ತಮ್ಮ ಸಹೋದರ ಡೇವ್‌ಗೆ ಜೋಕರ್ ವೇಷ ಹಾಕಿಸಿ, ಶೂಟಿಂಗ್ ಮಾಡಿ, ಆ ಫಿಲ್ಮಿನ ಮೇಲೆ ಗೆರೆ ಎಳೆದು ಕೋಕೋ ಎಂಬ ಕಾರ್ಟೂನ್ ಜೋಕರನನ್ನು ಮಾಡಿದ ಕಥೆ ಇನ್ನೊಮ್ಮೆ ಹೇಳುತ್ತೇನೆ.

ಗರ್ಟಿಯ ಚಿತ್ರ ಇಂಟರ್ನೆಟ್‌ನಲ್ಲಿ ಪುಕ್ಕಟೆ ಸಿಗುತ್ತದೆ. ಮೊದಲಿಗೆ ಸ್ನೇಹಿತರು ಪಣ ಕಟ್ಟುವ ದೃಶ್ಯ ಉದ್ದಕ್ಕೆ ನಡೆಯುತ್ತದೆ. ಬೇಸರವಾದರೆ ಅದನ್ನು ದಾಟಿಸಿ, ಗುಹೆ ಕಾಣಿಸುವಲ್ಲಿಂದ ನೋಡಿ. ನಮಸ್ಕಾರ.