ಹಿತ್ತಲಲ್ಲಿ ತೋಡಿದ ಗುಂಡಿ

ಕೇಳುಗರಿಗೆ ನಮಸ್ಕಾರ.

ಒಬ್ಬ ಹುಡುಗ ಯುದ್ಧ ಮುಗಿಸಿ ಮನೆಗೆ ಬಂದಿದ್ದಾನೆ. ಒಂದು ರಾತ್ರಿ ಕೆಟ್ಟ ಕನಸು ಬಿದ್ದು ಬೆಚ್ಚಿ ಎದ್ದವನು ಹೆತ್ತ ಅಪ್ಪನ ಮೇಲೇ ಗುಂಡು ಹಾರಿಸಿಬಿಡುತ್ತಾನೆ. ಪುಣ್ಯಕ್ಕೆ ತಾಗುವುದಿಲ್ಲ. ಆಮೇಲೆ ಅವನು ಸಲಿಕೆ ಹಿಡಿದು ಹಿತ್ತಲಿಗೆ ಹೋಗುತ್ತಾನೆ. ಒಬ್ಬ ಆಳು ಹಿಡಿಸುವಷ್ಟು ಗುಂಡಿ ತೋಡುತ್ತಾನೆ. ಯುದ್ಧಭೂಮಿಯಲ್ಲಿ ಸೈನಿಕರು ತೋಡಿಕೊಳ್ಳುತ್ತಾರಲ್ಲ, ಅಂಥದ್ದೇ. ಮನೆಯಲ್ಲಿ ಹಾಸಿಗೆ ಇದೆ, ಹೊದಿಕೆ ಇದೆ. ಆದರೂ ಆ ಗುಂಡಿಗೆ ಇಳಿದರೆ ಮಾತ್ರ ಅವನಿಗೆ ನಿದ್ದೆ.

ಹುಡುಗನ ಹೆಸರು ಲೂಯಿಸ್. 2017ರ ನವೆಂಬರ್‌ನಲ್ಲಿ ನೆಟ್‌ಫ್ಲಿಕ್ಸ್‌ನಲ್ಲಿ ಬಂದ 'ದಿ ಪನಿಶರ್' ಧಾರಾವಾಹಿಯಲ್ಲಿ ಅವನು ನಾಯಕನಲ್ಲ. ಆದರೆ ನನಗೆ ಮೊದಲು ನೆನಪಾಗುವುದು ಅವನೇ.

ನಾಯಕ ಫ್ರಾಂಕ್ ಕ್ಯಾಸಲ್. ಅಫ್ಘಾನಿಸ್ತಾನದಲ್ಲಿ ಹೋರಾಡಿ ಬಂದ ಅಮೆರಿಕದ ಮೆರೀನ್ ಯೋಧ. ನ್ಯೂಯಾರ್ಕಿನ ಸೆಂಟ್ರಲ್ ಪಾರ್ಕಿನಲ್ಲಿ ಅವನ ಕಣ್ಣೆದುರೇ ಹೆಂಡತಿ, ಇಬ್ಬರು ಮಕ್ಕಳು ಗುಂಡಿಗೆ ಬಲಿಯಾದರು. ಕೊಂದವರನ್ನು ತಾನೇ ಹುಡುಕಿ ಹುಡುಕಿ ಕೊಲ್ಲಲು ಹೊರಟ. ಜಾನ್ ಬರ್ನ್ಥಾಲ್ ಈ ಪಾತ್ರದಲ್ಲಿ ಮಾತಿಗಿಂತ ಉಸಿರಿನಲ್ಲೇ ಜಾಸ್ತಿ ಹೇಳುತ್ತಾರೆ. ಮೊದಲ ಕಂತಿನಲ್ಲಿ ಫ್ರಾಂಕ್ ಹೆಸರು ಬದಲಿಸಿಕೊಂಡು ಕಟ್ಟಡದ ಕೆಲಸಕ್ಕೆ ಸೇರಿರುತ್ತಾನೆ. ದೊಡ್ಡ ಸುತ್ತಿಗೆ ಎತ್ತಿ ಗೋಡೆ ಒಡೆಯುವುದೇ ಅವನ ಕೆಲಸ. ಉಳಿದವರು ಕೆಲಸ ಬಿಟ್ಟು ಹೊರಟರೂ ಇವನು ಒಡೆಯುತ್ತಲೇ ಇರುತ್ತಾನೆ. ಮನೆಗೆ ಹೋಗಿ ಮಲಗಿದರೆ ಕನಸಿನಲ್ಲಿ ಹೆಂಡತಿ ಬರುತ್ತಾಳೆ, ಮೆಲ್ಲಗೆ ಎಬ್ಬಿಸುತ್ತಾಳೆ. ಅಷ್ಟರಲ್ಲಿ ಗುಂಡಿನ ಸದ್ದು. ಅಂಥವನಿಗೆ ನಿದ್ದೆಗಿಂತ ಗೋಡೆಯೇ ವಾಸಿ ಅನ್ನಿಸಿದರೆ ತಪ್ಪೇನು?

ಇದರಲ್ಲಿ ರಕ್ತ ತುಂಬಾ ಇದೆ. ಕೆಲವು ಕಡೆ ನಾನು ಕಣ್ಣು ಮುಚ್ಚಿಕೊಂಡೆ. ಅಷ್ಟೆಲ್ಲ ತೋರಿಸಬೇಕಾಗಿರಲಿಲ್ಲ.

ಕಾಮಿಕ್ಸ್ ಪುಸ್ತಕದಲ್ಲಿ ಈ ಪಾತ್ರ ಮೊದಲು ಕಾಣಿಸಿದ್ದು 1974ರಲ್ಲಿ, ಸ್ಪೈಡರ್‌ಮ್ಯಾನ್‌ನ ಎದುರಾಳಿಯಾಗಿ. ಆಗ ಅವನು ವಿಯೆಟ್ನಾಂ ಯುದ್ಧದಿಂದ ಬಂದವನು. ಹಾಗೆ ಬಂದ ಸಾವಿರಾರು ಸೈನಿಕರ ಸಂಕಟಕ್ಕೆ ಅಮೆರಿಕದ ಮನೋವೈದ್ಯರ ಕೈಪಿಡಿಯಲ್ಲಿ ಆಗಿನ್ನೂ ಒಂದು ಹೆಸರೂ ಇರಲಿಲ್ಲ. ಆಘಾತದ ನಂತರವೂ ಕಾಡುವ ಈ ಮಾನಸಿಕ ಸಂಕಟಕ್ಕೆ ಇವತ್ತು ಎಲ್ಲರೂ ಪಿಟಿಎಸ್‌ಡಿ ಅನ್ನುತ್ತೇವಲ್ಲ, ಅದು ಆ ಕೈಪಿಡಿಗೆ ಸೇರಿದ್ದು 1980ರಲ್ಲಿ.

ಫ್ರಾಂಕ್‌ನ ಎದೆಯ ಮೇಲಿನ ಬಿಳಿ ತಲೆಬುರುಡೆ ಚಿತ್ರವನ್ನು ಮುಂದೆ ಅಮೆರಿಕದ ಕೆಲವು ಸೈನಿಕರೂ ಪೊಲೀಸರೂ ತಮ್ಮ ಗುರುತಾಗಿ ಹಾಕಿಕೊಂಡರು. ಪಾತ್ರವನ್ನು ಸೃಷ್ಟಿಸಿದವರಲ್ಲಿ ಒಬ್ಬರಾದ ಜೆರ್ರಿ ಕಾನ್ವೇ ಅದನ್ನು ಬಹಿರಂಗವಾಗಿಯೇ ವಿರೋಧಿಸಿದರು. ಕಾನೂನು ಸೋತಾಗ ಹುಟ್ಟಿದವನ ಗುರುತನ್ನು ಕಾನೂನು ಕಾಯುವವರೇ ಹಾಕಿಕೊಂಡರೆ ಹೇಗೆ? ನನಗೂ ಅದು ಸರಿ ಕಾಣುವುದಿಲ್ಲ. ಆ ಬುರುಡೆಯನ್ನು ಮೆಚ್ಚಿದವರು ಧಾರಾವಾಹಿಯ ಕರ್ಟಿಸ್‌ನನ್ನು ಗಮನಿಸಲಿಲ್ಲ ಅನ್ನಿಸುತ್ತದೆ.

ಕರ್ಟಿಸ್ ಯುದ್ಧದಲ್ಲಿ ಗಾಯಾಳುಗಳನ್ನು ನೋಡಿಕೊಳ್ಳುತ್ತಿದ್ದವನು. ಒಂದು ಕಾಲು ಕಳೆದುಕೊಂಡು ಬಂದಿದ್ದಾನೆ. ಊರಿನಲ್ಲಿ ಅವನು ಮಾಡುವುದು ಇಷ್ಟೇ: ಕುರ್ಚಿಗಳನ್ನು ಸುತ್ತ ಹಾಕುತ್ತಾನೆ, ಮಾಜಿ ಸೈನಿಕರನ್ನು ಕೂರಿಸುತ್ತಾನೆ, ಅವರು ಹೇಳಿದ್ದನ್ನು ಕೇಳುತ್ತಾನೆ. ಲೂಯಿಸ್‌ನ ಗುಂಡಿಯ ವಿಷಯ ಗೊತ್ತಾದಾಗ ಅವನ ಬಳಿಗೂ ಹೋಗುತ್ತಾನೆ. ಆದರೆ ಹುಡುಗ ಕೈಗೆ ಸಿಗುವುದಿಲ್ಲ. ಮತ್ತೆ ಯುದ್ಧಕ್ಕೆ ಹೋಗುವ ದಾರಿ ಮುಚ್ಚಿತು ಅಂದ ಮೇಲೆ ನಗರದಲ್ಲೇ ಯುದ್ಧ ಶುರುಮಾಡುತ್ತಾನೆ. ಬಾಂಬ್ ಇಡುತ್ತಾನೆ. ಕೊನೆಗೆ ತನ್ನದೇ ಬಾಂಬಿಗೆ ಸಾಯುತ್ತಾನೆ. ಫ್ರಾಂಕ್‌ನಂತೆ ತಾನೂ ಅಂದುಕೊಂಡಿದ್ದ ಪಾಪದ ಹುಡುಗ.

ಹದಿಮೂರನೇ ಕಂತಿನ ಕೊನೆಯಲ್ಲಿ ಫ್ರಾಂಕ್ ಆ ಕುರ್ಚಿಗಳ ನಡುವೆ ಬಂದು ಕೂರುತ್ತಾನೆ. ಬಂದೂಕಿಲ್ಲ, ಬುರುಡೆಯ ಅಂಗಿಯಿಲ್ಲ. ಮಾತು ತಡವರಿಸುತ್ತದೆ. ಇನ್ನು ಹೋರಾಡಲು ಯುದ್ಧವೇ ಉಳಿದಿಲ್ಲ, ಅದಕ್ಕೇ ಹೆದರಿಕೆ ಅನ್ನುತ್ತಾನೆ. ಅಷ್ಟು ಜನರನ್ನು ಕೊಂದವನು ಹೆದರಿಕೆ ಅಂದಾಗ ಅಲ್ಲಿ ಯಾರೂ ನಗುವುದಿಲ್ಲ. ಸುಮ್ಮನೆ ಕೇಳುತ್ತಾರೆ.

ನಮಸ್ಕಾರ.