ಬೆವರು ಒರೆಸಿಕೊಂಡು ಬಂದ ದೇವರು

ನಮಸ್ಕಾರ. ಮೊದಲು ಒಂದು ಮನೆಗೆ ಹೋಗೋಣ ಬನ್ನಿ. ಗ್ರೀಕ್ ದೇವರುಗಳ ಬೆಟ್ಟ ಒಲಿಂಪಸ್‌ನಲ್ಲಿರುವ ಕಂಚಿನ ಮನೆ. ಬಾಗಿಲಿಗೆ ಒಬ್ಬ ತಾಯಿ ಬಂದಿದ್ದಾಳೆ. ಅವಳು ಸಮುದ್ರದ ದೇವತೆ ಥೆಟಿಸ್. ಅವಳ ಮಗ ಅಕಿಲೀಸ್ ಯುದ್ಧಕ್ಕೆ ಹೊರಡಬೇಕು, ಆದರೆ ಮೈಮೇಲೆ ಕವಚವಿಲ್ಲ. ಅವನ ಕವಚ ತೊಟ್ಟು ಹೋಗಿದ್ದ ಗೆಳೆಯ ಪ್ಯಾಟ್ರೋಕ್ಲಸ್ ಸತ್ತಿದ್ದಾನೆ. ಕವಚ ಈಗ ಶತ್ರು ಹೆಕ್ಟರನ ಮೈಮೇಲಿದೆ. ಹೊಸದೊಂದು ಮಾಡಿಸಲು ಅವಳು ಬಂದಿದ್ದಾಳೆ.

ಮನೆಯ ಯಜಮಾನ ಎಲ್ಲಿ? ಕುಲುಮೆಯಲ್ಲಿ. ತಿದಿಗಳ ನಡುವೆ ಓಡಾಡುತ್ತಿದ್ದಾನೆ, ಮೈಯೆಲ್ಲ ಬೆವರು. ಹೆಂಡತಿ ಕೂಗುತ್ತಾಳೆ: "ಇಲ್ಲಿ ಬನ್ನಿ, ಥೆಟಿಸ್ ಬಂದಿದ್ದಾಳೆ, ನಿಮ್ಮಿಂದ ಏನೋ ಆಗಬೇಕಂತೆ." ಅವನು ತಿದಿಗಳನ್ನು ಬೆಂಕಿಯಿಂದ ಪಕ್ಕಕ್ಕೆ ಎಳೆದಿಡುತ್ತಾನೆ. ಸಲಕರಣೆಗಳನ್ನೆಲ್ಲ ಎತ್ತಿ ಬೆಳ್ಳಿ ಪೆಟ್ಟಿಗೆಗೆ ಹಾಕುತ್ತಾನೆ. ಸ್ಪಂಜು ತೆಗೆದುಕೊಂಡು ಮುಖ, ಕೈ, ಕುತ್ತಿಗೆ, ಕೂದಲು ತುಂಬಿದ ಎದೆ ಒರೆಸಿಕೊಳ್ಳುತ್ತಾನೆ. ಅಂಗಿ ತೊಡುತ್ತಾನೆ. ಕೋಲು ಹಿಡಿದು ಕುಂಟುತ್ತಾ ಹೊರಗೆ ಬರುತ್ತಾನೆ.

ಇವನೇ ಹೆಫೈಸ್ಟಸ್, ಬೆಂಕಿಯ, ಕಮ್ಮಾರಿಕೆಯ ದೇವರು. ಇಲಿಯಡ್ ಎಂಬ ಹಳೆಯ ಗ್ರೀಕ್ ಮಹಾಕಾವ್ಯದ 18ನೇ ಅಧ್ಯಾಯದಲ್ಲಿ ಕವಿ ಹೋಮರ್ ಅವನನ್ನು ನಮಗೆ ತೋರಿಸುವುದು ಹೀಗೆ.

ಈಗ ಯಾವುದೇ ಗೇಮ್ ನೋಡಿ, ಗ್ರೀಕ್ ದೇವರುಗಳ ಯಾವುದೇ ವಿಡಿಯೋ ನೋಡಿ. ಮೊದಲು ದೇವರುಗಳ ರಾಜ ಜ್ಯೂಸ್, ಅವನ ಸಿಡಿಲು. ಆಮೇಲೆ ಪೊಸೈಡನ್, ಹೇಡಿಸ್, ಏರೀಸ್. ಹೆಫೈಸ್ಟಸ್ ಬರುವುದು ಕೊನೆಗೆ, ಅದೂ ಎರಡೇ ಸಾಲಿನಲ್ಲಿ. ನೋಡಲು ಚೆನ್ನಾಗಿಲ್ಲದವನು, ಪ್ರೇಮದೇವತೆ ಅಫ್ರೊಡೈಟಿಯಿಂದ ಮೋಸಹೋದ ಗಂಡ. ಅಷ್ಟೇ. ನನಗೆ ಇದು ನಿಜಕ್ಕೂ ಬೇಜಾರು ತರಿಸುತ್ತದೆ. ಯಾಕಂದ್ರೆ ಆ ಬೆಟ್ಟದ ಮೇಲೆ ನಾನು ಕೈಮುಗಿಯಬಹುದಾದ ದೇವರು ಒಬ್ಬನಿದ್ದರೆ, ಅದು ಇವನೇ.

ಅವನ ಕಥೆ ಶುರುವಾಗುವುದೇ ಬೀಳುವುದರಿಂದ. ಹುಟ್ಟಿದ ಮಗುವಿನ ಕಾಲು ಸರಿಯಿಲ್ಲ ಎಂದು ತಾಯಿ ಹೇರಾಳಿಗೆ ನಾಚಿಕೆ. ಯಾರ ಕಣ್ಣಿಗೂ ಬೀಳದಿರಲಿ ಎಂದು ಅವನನ್ನು ಕೆಳಗೆ ಎಸೆಯುತ್ತಾಳೆ. ಸಮುದ್ರದಲ್ಲಿ ಅವನನ್ನು ಮಡಿಲಿಗೆ ತೆಗೆದುಕೊಂಡವರು ಥೆಟಿಸ್ ಮತ್ತು ಯೂರಿನೋಮಿ. ಒಂಬತ್ತು ವರ್ಷ ಅವನು ಅವರ ಗುಹೆಯಲ್ಲಿ ಬಚ್ಚಿಟ್ಟುಕೊಂಡಿದ್ದ. ಸುತ್ತಲೂ ಸಾಗರದ ನೊರೆ, ಭೋರ್ಗರೆತ. ಒಳಗೆ ಕೂತು ಸರ, ಬಟ್ಟಲು, ಬಟ್ಟೆಗೆ ಸಿಕ್ಕಿಸುವ ಪಿನ್ನು ಮಾಡುತ್ತಿದ್ದ. ಅವನು ಅಲ್ಲಿರುವುದು ಆ ಇಬ್ಬರನ್ನು ಬಿಟ್ಟರೆ ದೇವರಿಗೂ ಗೊತ್ತಿಲ್ಲ, ಮನುಷ್ಯರಿಗೂ ಗೊತ್ತಿಲ್ಲ.

ಇನ್ನೊಮ್ಮೆ ಎಸೆದವನು ಜ್ಯೂಸ್. ತನ್ನ ಹೆಂಡತಿ ಹೇರಾಳ ಪರವಾಗಿ ಇವನು ಅಡ್ಡ ಬಂದಿದ್ದಕ್ಕೆ ಕಾಲು ಹಿಡಿದು ಬೀಸಿ ಒಗೆದ. ಇಡೀ ದಿನ ಬೀಳುತ್ತಲೇ ಇದ್ದೆ, ಸೂರ್ಯ ಮುಳುಗುವ ಹೊತ್ತಿಗೆ ಲೆಮ್ನೋಸ್ ದ್ವೀಪಕ್ಕೆ ಬಿದ್ದೆ, ಉಸಿರು ಸ್ವಲ್ಪವೇ ಉಳಿದಿತ್ತು ಎಂದು ಅವನೇ ಹೇಳುತ್ತಾನೆ. ಅಲ್ಲಿ ಅವನನ್ನು ಆರೈಕೆ ಮಾಡಿದವರು ಸಿಂಟಿಯನ್ನರು ಎಂಬ ಮನುಷ್ಯರು. ದೇವರು ಎಸೆದ, ಮನುಷ್ಯರು ಎತ್ತಿಕೊಂಡರು. ಮುಂದೆ ಆ ದ್ವೀಪದ ಒಂದು ಊರಿಗೆ ಹೆಫೈಸ್ಟಿಯಾ ಎಂದೇ ಹೆಸರು ಬಂತು.

ಈ ಕಥೆಯನ್ನು ಅವನು ಯಾವಾಗ ಹೇಳುತ್ತಾನೆ ಗೊತ್ತಾ? ಇಲಿಯಡ್‌ನ ಮೊದಲ ಅಧ್ಯಾಯದಲ್ಲಿ. ಜ್ಯೂಸ್ ಮತ್ತು ಹೇರಾ ಜಗಳವಾಡಿದ್ದಾರೆ, ಸಭೆಯೆಲ್ಲ ಬಿಗಿದುಕೊಂಡಿದೆ. ಇವನು ಎದ್ದು ತಾಯಿಯ ಕೈಗೆ ಬಟ್ಟಲು ಕೊಟ್ಟು ಸಮಾಧಾನ ಮಾಡುತ್ತಾನೆ. ತನ್ನನ್ನು ಎಸೆದ ತಾಯಿಯನ್ನೇ! ಆಮೇಲೆ ಏದುಸಿರು ಬಿಡುತ್ತಾ ಎಲ್ಲರಿಗೂ ಮಧು ಹಂಚುತ್ತಾನೆ. ಅವನು ಓಡಾಡುವುದನ್ನು ನೋಡಿ ದೇವರುಗಳು ನಗುತ್ತಾರೆ. ತಡೆಯಲಾಗದ ನಗು ಎನ್ನುತ್ತಾನೆ ಹೋಮರ್. ಅಂದು ಒಲಿಂಪಸ್‌ನಲ್ಲಿ ಜಗಳ ನಿಂತಿದ್ದು ಈ ನಗುವಿನಿಂದ.

ಹೋಮರನ ಇನ್ನೊಂದು ಕಾವ್ಯ ಒಡಿಸ್ಸಿಯಲ್ಲಿ ಇನ್ನೊಂದು ನಗು ಇದೆ. ಅಫ್ರೊಡೈಟಿ ಮತ್ತು ಏರೀಸ್ ಅವನದೇ ಹಾಸಿಗೆಯಲ್ಲಿ ಸಿಕ್ಕಿಬೀಳುವ ಕಥೆ. ಅವರನ್ನು ಹಿಡಿಯಲು ಅವನೇ ಮಾಡಿಟ್ಟ, ಜೇಡರ ಬಲೆಯಷ್ಟು ಸಣ್ಣ ಸರಪಳಿ, ದೇವರ ಕಣ್ಣಿಗೂ ಕಾಣದ್ದು. ಈ ಕಥೆಯನ್ನು ಎಲ್ಲರೂ ತಮಾಷೆಯಾಗಿ ಹೇಳುತ್ತಾರೆ. ಆದರೆ ಬಾಗಿಲಲ್ಲಿ ನಿಂತು ಅವನು ಕೂಗುವ ಮಾತು ಕೇಳಿ. ನಾನು ಕುಂಟ ಎಂದು ಇವಳು ನನ್ನನ್ನು ಅವಮಾನಿಸುತ್ತಾಳೆ. ಹೀಗೆ ಹುಟ್ಟಿದ್ದು ನನ್ನ ತಪ್ಪಲ್ಲ, ನನ್ನ ತಂದೆತಾಯಿ ನನ್ನನ್ನು ಹುಟ್ಟಿಸಲೇಬಾರದಿತ್ತು. ಒಬ್ಬ ದೇವರ ಬಾಯಲ್ಲಿ ಈ ಮಾತು! ಇದನ್ನು ಓದಿದ ಮೇಲೆ ನನಗೆ ಆ ಕಥೆಗೆ ನಗು ಬಂದಿಲ್ಲ.

ಹಾಗಂತ ಅವನ ಕೈ ಪೂರ್ತಿ ಶುದ್ಧ ಎಂದು ನಾನು ಹೇಳುವುದಿಲ್ಲ. ಮನುಷ್ಯರಿಗೆ ಬೆಂಕಿ ಕದ್ದು ತಂದುಕೊಟ್ಟ ಪ್ರೊಮಿಥಿಯಸ್‌ನನ್ನು ಬಂಡೆಗೆ ಬಿಗಿದು ಮೊಳೆ ಹೊಡೆದವನು ಇವನೇ. ಜ್ಯೂಸನ ಅಪ್ಪಣೆ. ಆ ಕಥೆಯ ಹಳೆಯ ನಾಟಕದಲ್ಲಿ ಇವನಿಗೆ ಕೈ ಏಳುವುದಿಲ್ಲ. ಪಕ್ಕದಲ್ಲಿ ನಿಂತವನು ಇನ್ನೂ ಜೋರಾಗಿ ಹೊಡಿ ಎಂದು ಗದರುತ್ತಾನೆ. ಇವನು ತನ್ನ ಕೈಕಸುಬನ್ನೇ ಶಪಿಸುತ್ತಾನೆ. ಆದರೂ ಹೊಡೆಯುತ್ತಾನೆ. ಬೇರೆಯವರ ಅಪ್ಪಣೆಗೆ ಮನಸ್ಸಿಲ್ಲದ ಕೆಲಸ ಮಾಡಿದವರಿಗೆ ಆ ಸಂಕಟ ಅರ್ಥವಾಗುತ್ತದೆ, ಅಲ್ವಾ?

ಅವನ ಮನೆಯಲ್ಲಿ ಚಿನ್ನದ ಹುಡುಗಿಯರಿದ್ದಾರೆ. ಅವರಿಗೆ ಬುದ್ಧಿ ಇದೆ, ಮಾತು ಇದೆ, ಬಲ ಇದೆ. ಇವು ಜಗತ್ತಿನ ಮೊದಲ ರೋಬೋಟ್ ಎಂದು ಈಗ ಜಾಸ್ತಿ ಜನ ಹೇಳುತ್ತಾರೆ. ಇರಲಿ. ಆದರೆ ಅವರು ಮಾಡುವ ಕೆಲಸ ಯಾವುದು? ನಡೆಯುವಾಗ ಅವನನ್ನು ಹಿಡಿದುಕೊಳ್ಳುವುದು. ಕಾಲಿಗೆ ಆಸರೆ ಬೇಕಿತ್ತು, ಬೇರೆ ಯಾರೂ ಕೊಡಲಿಲ್ಲ, ತಾನೇ ಮಾಡಿಕೊಂಡ.

ಥೆಟಿಸ್ ಕಥೆಗೆ ವಾಪಸ್ ಬರೋಣ. ಅವಳು ಅಳುತ್ತಾ ಕೇಳುತ್ತಾಳೆ. ಅವನು ಹೇಳುತ್ತಾನೆ: ಕವಚ ಮಾಡಿಕೊಡುತ್ತೇನೆ, ಆದರೆ ಸಾವು ಬಂದಾಗ ಅವನನ್ನು ಬಚ್ಚಿಡುವ ಶಕ್ತಿಯೂ ನನಗೆ ಇದ್ದಿದ್ದರೆ! ಅಕಿಲೀಸ್ ಸಾಯುತ್ತಾನೆಂದು ಇಬ್ಬರಿಗೂ ಗೊತ್ತು. ಈ ಕವಚ ಅವನನ್ನು ಉಳಿಸುವುದಿಲ್ಲ ಎಂದೂ ಗೊತ್ತು. ಆದರೂ ರಾತ್ರಿಯೆಲ್ಲ ಕೂತು ಮಾಡುತ್ತಾನೆ.

ಇಪ್ಪತ್ತು ತಿದಿಗಳು ಊದತೊಡಗುತ್ತವೆ. ಕಂಚು, ತವರ, ಚಿನ್ನ, ಬೆಳ್ಳಿ ಬೆಂಕಿಗೆ ಬೀಳುತ್ತವೆ. ಒಂದು ಕೈಯಲ್ಲಿ ಸುತ್ತಿಗೆ, ಇನ್ನೊಂದರಲ್ಲಿ ಇಕ್ಕಳ. ಐದು ಪದರದ ಗುರಾಣಿ ತಯಾರಾಗುತ್ತದೆ. ಹಿಡಿಯುವವನು ಗ್ರೀಕರ ಅತಿ ದೊಡ್ಡ ವೀರ. ಅದರ ಮೇಲೆ ಆ ವೀರನ ಒಂದು ಚಿತ್ರವೂ ಇಲ್ಲ.

ಒಂದು ಊರಿದೆ. ಅಲ್ಲಿ ಮದುವೆ ಮೆರವಣಿಗೆ ಹೊರಟಿದೆ, ದೀವಟಿಗೆ ಉರಿಯುತ್ತಿವೆ, ಹೆಂಗಸರು ತಂತಮ್ಮ ಬಾಗಿಲಲ್ಲಿ ನಿಂತು ನೋಡುತ್ತಿದ್ದಾರೆ. ಸಂತೆ ಬಯಲಲ್ಲಿ ಕೊಲೆಯ ಪರಿಹಾರದ ಬಗ್ಗೆ ಇಬ್ಬರ ವ್ಯಾಜ್ಯ ನಡೆದಿದೆ. ಹಿರಿಯರು ನುಣುಪು ಕಲ್ಲುಗಳ ಮೇಲೆ ಕೂತು ತೀರ್ಪು ಹೇಳುತ್ತಿದ್ದಾರೆ. ಇನ್ನೊಂದು ಊರನ್ನು ಸೈನ್ಯ ಮುತ್ತಿದೆ. ಆಮೇಲೆ ಹೊಲ. ಉಳುವವನು ಸಾಲಿನ ತುದಿಗೆ ಬಂದಾಗ ಒಬ್ಬ ಅವನ ಕೈಗೆ ದ್ರಾಕ್ಷಾರಸದ ಬಟ್ಟಲು ಕೊಡುತ್ತಾನೆ. ಚಿನ್ನದಲ್ಲಿ ಮಾಡಿದ ಹೊಲ, ಆದರೂ ನೇಗಿಲ ಹಿಂದೆ ಮಣ್ಣು ಕಪ್ಪಾಗುತ್ತಾ ಹೋಗುತ್ತದೆ. ಕೊಯ್ಲು. ದ್ರಾಕ್ಷಿ ತೋಟ, ಅಲ್ಲೊಬ್ಬ ಹುಡುಗ ಹಾಡುತ್ತಿದ್ದಾನೆ. ಸಿಂಹಗಳು ಹೋರಿಯನ್ನು ಎಳೆದಿವೆ, ನಾಯಿಗಳು ಹತ್ತಿರ ಹೋಗಲು ಹೆದರಿ ದೂರ ನಿಂತು ಬೊಗಳುತ್ತಿವೆ. ಹುಡುಗ ಹುಡುಗಿಯರು ಕೈ ಹಿಡಿದು ಕುಣಿಯುತ್ತಿದ್ದಾರೆ. ಎಲ್ಲದರ ಸುತ್ತ, ಅಂಚಿನ ಉದ್ದಕ್ಕೂ ಸಾಗರ.

ಸಾಯಲು ಹೊರಟ ಹುಡುಗನ ಕೈಗೆ ಅವನು ಬದುಕನ್ನು ಕೊಟ್ಟು ಕಳಿಸಿದ. ಜ್ಯೂಸ್ ತನ್ನ ಆಯುಷ್ಯದಲ್ಲಿ ಇಂಥದ್ದೊಂದು ಕೆಲಸ ಮಾಡಿದ್ದನ್ನು ನಾನು ಎಲ್ಲೂ ಓದಿಲ್ಲ.

ಈ ಕುಲುಮೆಯ ಒಂದು ಕಿಡಿ ಕನ್ನಡಕ್ಕೂ ಹಾರಿದೆ. ಅಕಿಲೀಸ್ ಸತ್ತ ಮೇಲೆ ಅದೇ ಆಯುಧಗಳಿಗಾಗಿ ಏಜಾಕ್ಸ್ ಮತ್ತು ಒಡಿಸ್ಸಿಯಸ್ ಎಂಬ ಗ್ರೀಕ್ ವೀರರು ಪೈಪೋಟಿ ನಡೆಸಿದರು. ಒಡಿಸ್ಸಿಯಸ್ ಗೆದ್ದ. ಏಜಾಕ್ಸ್ ಅವಮಾನದಿಂದ ಬುದ್ಧಿ ಕಳೆದುಕೊಂಡು, ಕೊನೆಗೆ ತನ್ನ ಕತ್ತಿಯ ಮೇಲೇ ಬಿದ್ದು ಸತ್ತ. ಗ್ರೀಕ್ ನಾಟಕಕಾರ ಸೊಫೊಕ್ಲಿಸ್ ಅದನ್ನು ನಾಟಕ ಮಾಡಿದ. ಆ ನಾಟಕವನ್ನು ಆಧಾರವಾಗಿಟ್ಟುಕೊಂಡೇ ನಮ್ಮ ಬಿ.ಎಂ. ಶ್ರೀಕಂಠಯ್ಯನವರು ‘ಅಶ್ವತ್ಥಾಮನ್’ ಬರೆದರು.

ಕಥೆಗಳಲ್ಲಿ ದೇವರುಗಳು ನಕ್ಕರು, ಸರಿ. ಜನ ಏನು ಮಾಡಿದರು? ಅಥೆನ್ಸ್‌ನವರು ತಮ್ಮ ಅಗೋರಾದ, ಅಂದರೆ ಊರ ನಡುವಿನ ಸಂತೆ ಮೈದಾನದ ಪಕ್ಕದ ಗುಡ್ಡದ ಮೇಲೆ ಅವನಿಗೆ ಗುಡಿ ಕಟ್ಟಿದರು. ಕೆಲಸ ಶುರುವಾಗಿದ್ದು ಸುಮಾರು ಕ್ರಿ.ಪೂ. 449ರಲ್ಲಿ. ಅಥೀನಾಳಿಗೂ ಅಲ್ಲೇ ಪೂಜೆ. ಸುತ್ತಮುತ್ತ ಅಗೆದಾಗ ಕಂಚು ಎರಕ ಹೊಯ್ಯುತ್ತಿದ್ದ ಗುಂಡಿಗಳು ಸಿಕ್ಕಿವೆ. ಕಮ್ಮಾರರು, ಎರಕದವರು ತಮ್ಮ ದೇವರ ಮಗ್ಗುಲಲ್ಲೇ ದುಡಿಯುತ್ತಿದ್ದರು. ಆ ಊರಿನಲ್ಲಿದ್ದ ಅವನ ಒಂದು ಮೂರ್ತಿಯನ್ನು ಆಲ್ಕಮೆನೀಸ್ ಎಂಬ ಶಿಲ್ಪಿ ಮಾಡಿದ್ದ. ರೋಮಿನ ಲೇಖಕ ಸಿಸೆರೊ ಅದನ್ನು ಹೊಗಳಿದ್ದಾನೆ. ನಿಂತ ಮೂರ್ತಿ, ಮೈಮೇಲೆ ಬಟ್ಟೆ, ಕುಂಟು ಸ್ವಲ್ಪ ಕಾಣುತ್ತದೆ, ಆದರೆ ವಿಕಾರವಾಗಿಲ್ಲ ಎಂದು. ಶಿಲ್ಪಿ ಅದನ್ನು ಮುಚ್ಚಿಡಲಿಲ್ಲ, ಹೀಯಾಳಿಸಲೂ ಇಲ್ಲ.

ಹಳೆಯ ಗ್ರೀಕ್ ಗುಡಿಗಳಲ್ಲಿ ಅತಿ ಚೆನ್ನಾಗಿ ಉಳಿದಿರುವವುಗಳಲ್ಲಿ ಅಥೆನ್ಸ್‌ನ ಈ ಗುಡಿಯೂ ಒಂದು. ನೂರಾರು ವರ್ಷ ಚರ್ಚ್ ಆಗಿತ್ತು. ಗೋಡೆಯ ಮೇಲೆ ಗ್ರೀಕ್ ಕಥೆಗಳ ವೀರ ಥೀಸಿಯಸ್‌ನ ಸಾಹಸಗಳ ಕೆತ್ತನೆ ಇತ್ತೆಂದು ಜನ ಇದನ್ನು ಬಹಳ ಕಾಲ ಥೀಸಿಯಸ್‌ನ ಗುಡಿ ಎಂದೇ ಕರೆದರು. ಪಕ್ಕದ ಬಡಾವಣೆಗೂ ಮೆಟ್ರೋ ಸ್ಟೇಷನ್ನಿಗೂ ಇವತ್ತೂ ಥಿಸಿಯೋ ಎಂದೇ ಹೆಸರು. ಯಾವತ್ತಾದರೂ ಅಥೆನ್ಸ್‌ಗೆ ಹೋದರೆ ಅಲ್ಲೇ ಇಳಿಯಿರಿ, ಗುಡ್ಡ ಹತ್ತಿ. ಜೊತೆಯಲ್ಲಿ ಮಕ್ಕಳಿದ್ದರೆ ಇದು ಯಾರ ಗುಡಿ ಎಂದು ಹೆಸರು ಹಿಡಿದು ಹೇಳಿ.