ಒಂದು ಫ್ರಾಂಕಿಗೆ ಹತ್ತು ಸಿನಿಮಾ, ಆರು ಯೂರೋಗೆ ಒಂದು ಕಾಫಿ

ಇದು ಪ್ಯಾರಿಸ್‌ನ ಬೂಲ್ವಾರ್ ದೆ ಕಪುಸೀನ್, 14ನೇ ನಂಬರ್. ಗೋಡೆ ಮೇಲೆ ಫಲಕ ಇದೆ, ಝೂಮ್ ಮಾಡಿದ್ದೇನೆ ನೋಡಿ. 1895ರ ಡಿಸೆಂಬರ್ 28ಕ್ಕೆ ಸಿನಿಮಾಕ್ಕೆ ನಾಂದಿ ಹಾಡಿದ ಲ್ಯೂಮಿಯೇರ್ ಸಹೋದರರು ಇದರ ನೆಲಮಾಳಿಗೆಯಲ್ಲೇ ದುಡ್ಡು ತಗೊಂಡು ಸಿನಿಮಾ ತೋರಿಸಿದ್ದು. ಟಿಕೆಟ್ ಒಂದು ಫ್ರಾಂಕ್. ಅಷ್ಟಕ್ಕೆ ಹತ್ತು ಸಿನಿಮಾ! ಬಂದವರು ಮಾತ್ರ 33 ಜನ.

ಅದರಲ್ಲೊಂದು ಕಾಮಿಡಿ, ಒಂದು ನಿಮಿಷವೂ ಇಲ್ಲ. ಮಾಲಿ ಗಿಡಗಳಿಗೆ ನೀರು ಬಿಡುತ್ತಿರುತ್ತಾನೆ. ಹುಡುಗನೊಬ್ಬ ಹಿಂದಿನಿಂದ ಬಂದು ಪೈಪ್ ತುಳಿಯುತ್ತಾನೆ. ನೀರು ನಿಂತಿತು. ಮಾಲಿ ಪೈಪಿನ ಬಾಯೊಳಗೆ ಇಣುಕುತ್ತಾನೆ. ಮುಂದಿನದು ಹೇಳಬೇಕಾ? ನನಗೆ ಮಜಾ ಅನಿಸಿದ್ದು ಆಮೇಲಿನದು. ಓಡುವ ಹುಡುಗನನ್ನು ಸಿಕ್ಕಲ್ಲೇ ಬಾರಿಸಬಹುದಿತ್ತು. ಇಲ್ಲ, ಎಳೆದುಕೊಂಡು ಕ್ಯಾಮೆರಾ ಎದುರಿಗೇ ತಂದು ಬಾರಿಸುತ್ತಾನೆ! ಕ್ಯಾಮೆರಾ ಅಲ್ಲಾಡುವುದಿಲ್ಲವಲ್ಲ, ಏಟು ಕಾಣಬೇಕು.

ಈ ಕಾಫಿ ಶಾಟ್ ಸ್ವಲ್ಪ ಉದ್ದ ಇದೆ, ಬೇಕಂತಲೇ ಇಟ್ಟಿದ್ದೇನೆ. 6 ಯೂರೋ ರೀ! ಯಾವ ಕೆಫೆ ಅಂತ ಕೇಳಬೇಡಿ. ಇಲ್ಲಿ ಕೌಂಟರ್ ಹತ್ತಿರ ನಿಂತು ಕುಡಿದರೆ ಒಂದು ರೇಟು, ಕೂತರೆ ಇನ್ನೊಂದು, ಹೊರಗೆ ರಸ್ತೆ ನೋಡುತ್ತಾ ಕೂತರೆ ಇನ್ನೂ ಜಾಸ್ತಿ. ದರ್ಶಿನಿಯಲ್ಲಿ ನಿಂತೇ ಕುಡಿದು ಬೆಳೆದವಳು ನಾನು, ಇಲ್ಲಿ ಬಂದು ಕುರ್ಚಿಗೆ ಬಾಡಿಗೆ ಕಟ್ಟಿದೆ! ಆ ಕಪ್ಪಿನ ಹಿಡಿ ನೋಡಿ, ಬೆರಳೇ ತೂರುವುದಿಲ್ಲ. ಎರಡು ಗುಟುಕಿಗೆ ಖಾಲಿ. ಅಷ್ಟರಲ್ಲೇ ವೇಟರ್ ಬಿಲ್ಲನ್ನು ತಟ್ಟೆ ಕೆಳಗೆ ಸಿಕ್ಕಿಸಿ ಹೋದ. ಸಿಟ್ಟಿಗೆ ಇನ್ನೊಂದು ಗಂಟೆ ಅಲ್ಲೇ ಕೂತೆ, ಫೋನ್‌ನಲ್ಲಿ ಹಳೇ ಮೂಕಿ ಚಿತ್ರ ನೋಡುತ್ತಾ.

ಮೊದಲು ಮ್ಯಾಕ್ಸ್ ಲಿಂಡರ್, ಫ್ರಾನ್ಸಿನ ಮೂಕಿ ಕಾಮಿಡಿ ನಟ. ಚಾಪ್ಲಿನ್ನೇ ಇವನನ್ನು ಗುರು ಅಂತ ಕರೆದಿದ್ದ. ರೇಷ್ಮೆ ಟೋಪಿ, ನೀಟಾದ ಮೀಸೆ. ಸುಮ್ನೆ ಹೊಗಳುತ್ತಾರೆ, ಸಪ್ಪೆ ಅನಿಸಿತು. ಒನೆಸೀಮ್ ಅಂತ ಇನ್ನೊಂದು ಫ್ರೆಂಚ್ ಕಾಮಿಡಿ ಪಾತ್ರ ಇದೆ, ಅವನು ಇವನಿಗಿಂತ ಎಷ್ಟೋ ಮೇಲು! 1912ರ ಒಂದು ಚಿತ್ರದಲ್ಲಿ ಅವನ ಚಿಕ್ಕಪ್ಪನ ಆಸ್ತಿ ಕೈಗೆ ಬರೋಕೆ 20 ವರ್ಷ ಕಾಯಬೇಕು. ಇವನು ಹೋಗಿ ಊರಿನ ಗಡಿಯಾರಗಳನ್ನೆಲ್ಲ ನಡೆಸುವ ಯಂತ್ರವನ್ನೇ ಜೋರಾಗಿ ಓಡಿಸಿಬಿಡುತ್ತಾನೆ, ಕಾಲವೇ ಬೇಗ ಓಡಲಿ ಅಂತ. ರಸ್ತೆಯಲ್ಲಿ ಜನ ದಡಬಡ ಓಡುತ್ತಾರೆ, ಮದುವೆ ಆಗುತ್ತದೆ, ಹುಟ್ಟಿದ ಮಗು ನೋಡನೋಡುತ್ತಲೇ ದೊಡ್ಡದಾಗುತ್ತದೆ!

ಆಮೇಲೆ ಮ್ಯಾಕ್ಸ್ ಸ್ಕೇಟಿಂಗ್ ಕಲಿಯುವ 1907ರದ್ದು ಹಾಕಿದೆ. ದಬಾರಂತ ಬೀಳುತ್ತಾನೆ, ಎದ್ದು ಏನೂ ಆಗದವನ ಹಾಗೆ ನಿಲ್ಲೋಕೆ ನೋಡುತ್ತಾನೆ, ಮತ್ತೆ ಬೀಳುತ್ತಾನೆ. ಮರ್ಯಾದೆ ಉಳಿಸಿಕೊಳ್ಳುವ ಆ ಪಾಡು ನೋಡಿ ನಕ್ಕು ನಕ್ಕು ಕಣ್ಣಲ್ಲಿ ನೀರು ಬಂತು. ಸಪ್ಪೆ ಅಂದಿದ್ದು ವಾಪಸ್. ಒನೆಸೀಮ್ ಎರಡನೇ ಸ್ಥಾನಕ್ಕೆ.

ಅಯ್ಯೋ, ಮೆಟ್ರೋ ಬಂತು, ಕ್ಯಾಮೆರಾ ಆಫ್ ಮಾಡ್ತೀನಿ, ಬಾಗಿಲು ಹಾಕ್ತಿದ್ದಾರೆ!